ಭಾಗವತನ ಹೆಸರೂ ಬರಲಿ

ನಮ್ಮ ಉತ್ತರ ಕರ್ನಾಟಕದ ಬಯಲಾಟ ಶ್ರೀಕೃಷ್ಣ ಪಾರಿಜಾತದ ಸಾಕ್ಷ್ಯಚಿತ್ರಗಳ ಬಗ್ಗೆ ನೀವು ಬರದ ಲೇಖನ ಓದಿ ಕಣ್ಣು ತುಂಬಿ ಬಂತ್ರಿ. ಕೃಷ್ಣ, ಸತ್ಯಭಾಮೆ, ರುಕ್ಮಿಣಿ ಮಾಡಿದವರ ಹೆಸರೆಲ್ಲಾ ಕೊಟ್ಟೀರಿ. ಭಾಗವತನ ಪಾತ್ರದವರದು ಮಾತ್ರ ಬಿಟ್ಟೀರಿ. ಅವರು ನಮ್ಮ ದೊಡ್ಡಪ್ಪ, ಗೋಕಾಕ ಕಡೆಯವರು.

ಕುಲಗೋಡ ತಮ್ಮಣ್ಣ ತಿದ್ದಿ ಕಟ್ಟಿದ ಈ ಆಟದಾಗ ಭಾಗವತ ಇಲ್ಲಂದ್ರ ಕತಿ ಮುಂದಕ್ಕ ಹೋಗೂದಿಲ್ಲ. ಸತ್ಯಭಾಮೆ ಹಾಡಿ ಮುಗಿಸಿದ ಕೂಡಲೇ ‘ಅಂದ್ರ ಏನವಾ ತಾಯಿ?’ ಅಂತ ಕೇಳಿ, ಹಾಡಿನ ಅರ್ಥಾನ ಆಕಿ ಬಾಯಿಂದನ ಆಡುಮಾತಿನಾಗ ಹೊರಡಸಾಂವ ಅವನ. ನಡುರಾತ್ರಿ ತೂಕಡಿಸೋ ಮಂದೀನ ನಗಿಸಿ ಎಬ್ಬಿಸಾಂವನೂ ಅವನ. ಸಾಕ್ಷ್ಯಚಿತ್ರದಾಗ ಕ್ಯಾಮೆರಾ ಮಾತ್ರ ಭಾಮೆಯ ಮಾರಿ ಬಿಟ್ಟು ಸರಿಯೂದಿಲ್ಲ. ಪ್ರಶ್ನೆ ಕೇಳೋ ಭಾಗವತನ ದನಿ ಹೊರಗಿಂದ ಬರತೈತಿ, ಅಷ್ಟ.

ಕೌಜಲಗಿ ನಿಂಗಮ್ಮನವರಂಥ ಪಾರಿಜಾತದ ದೊಡ್ಡ ಕಲಾವಿದೆಯ ಹೆಸರು ಉಳಿದದ್ದು ನಮ್ಮ ಪುಣ್ಯ. ಆದ್ರ ಎದುರಿಗೆ ನಿಂತು ಮಾತಿಗೆ ಮಾತು ಕೊಟ್ಟ ಭಾಗವತರ ಹೆಸರು ಯಾರು ಬರದಿಟ್ಟಾರ? ದೊಡ್ಡಪ್ಪ 3 ಸಾಕ್ಷ್ಯಚಿತ್ರದಾಗ ಅದಾರ, ಒಂದರಾಗೂ ಕೊನೀಗೆ ಹೆಸರು ಬಂದಿಲ್ಲ. ಒಂದರಾಗ ಬಣ್ಣ ಹಚ್ಚಿಕೊಳ್ಳೂದು ಕಾಣತೈತಿ, ಇನ್ನೊಂದರಾಗ ಬರೇ ಬೆನ್ನು.

ನೀವು ಹಾಕಿದ ಎರಡನೇ ಫೋಟೋದಾಗ ಹಾರ್ಮೋನಿಯಂ ಬಾಜೂಕ ಕೆಂಪು ರುಮಾಲು ಸುತ್ತಿಕೊಂಡು ನಿಂತವರು ಅವರ ರಿ. ಕೆಳಗ ‘ಸಹಕಲಾವಿದ’ ಅಂತ ಬರದೀರಿ. ದಯಮಾಡಿ ತಿದ್ದಿ ‘ಭಾಗವತ’ ಅಂತ ಹಾಕರಿ, ಹೆಸರು ಇಮೇಲ್ ಮಾಡೀನಿ.