7 ದಿನದಲ್ಲಿ ವಿಲೇವಾರಿ, ಎಷ್ಟು ವರ್ಷವಾದರೂ ಸರಿ

ಕಾಲದ ಇಲಾಖೆಯ ಬಾಗಿಲಲ್ಲಿ ದೊಡ್ಡ ಬೋರ್ಡು ಇದೆ: 'ಇಲ್ಲಿ ಎಲ್ಲ ಅರ್ಜಿಗಳೂ 7 ದಿನದಲ್ಲಿ ವಿಲೇವಾರಿ.' ಸುಳ್ಳು ಅನ್ನಬೇಡಿ, ಅಕ್ಷರಶಃ ನಿಜ. ನಾನು ಅರ್ಜಿ ಕೊಟ್ಟಾಗ ನನ್ನ ತಲೆ ಕಪ್ಪಗಿತ್ತು. ಈಗ ಪೂರ್ತಿ ಬಿಳಿ. ಆದರೂ ಮೊನ್ನೆಯವರೆಗೆ ಇಲಾಖೆಯ ಪುಸ್ತಕದಲ್ಲಿ ಅದು ಮೂರನೇ ದಿನವೇ ಆಗಿತ್ತು. "ಇನ್ನೂ ನಾಲ್ಕು ದಿನ ಇದೆಯಲ್ಲ ಸ್ವಾಮಿ, ಯಾಕೆ ಅವಸರ?" ಅಂತ ಗುಮಾಸ್ತರು ಸಮಾಧಾನ ಹೇಳುತ್ತಿದ್ದರು.

ನನ್ನ ಬೇಡಿಕೆಯೂ ದೊಡ್ಡದೇನಲ್ಲ. ಕಳೆದುಹೋದ ಒಂದು ಮಂಗಳವಾರ ವಾಪಸ್ ಬೇಕಿತ್ತು. ಇದೇ ಕಚೇರಿಯಲ್ಲಿ ಒಂದು ಸಹಿಗಾಗಿ ಬೆಳಗ್ಗೆಯಿಂದ ನಿಂತಿದ್ದೆ. ಸಂಜೆ ಐದಕ್ಕೆ "ಸಾಹೇಬರು ಇವತ್ತು ರಜೆ" ಅಂದರು. ಆ ದಿನ ನನಗೂ ಸಿಗಲಿಲ್ಲ, ಸಾಹೇಬರಿಗೂ ಉಪಯೋಗವಾಗಲಿಲ್ಲ. ಹಾಗಿದ್ದ ಮೇಲೆ ಎಲ್ಲೋ ಒಂದು ಕಡೆ ಸುಮ್ನೆ ಬಿದ್ದಿರಬೇಕು ಅಲ್ವಾ?

"ಒಂದು ಮಂಗಳವಾರಕ್ಕೆ ಇಷ್ಟು ಗಲಾಟೆಯಾ?" ಅಂತ ಗುಮಾಸ್ತರು ಕನ್ನಡಕ ತೆಗೆದರು. "ಸಮೋವಾ ದೇಶದವರು 2011ರಲ್ಲಿ ಡಿಸೆಂಬರ್ 29ಕ್ಕೆ ಮಲಗಿ 31ಕ್ಕೆ ಎದ್ದರು. ಭೂಪಟದಲ್ಲಿ ತಾರೀಕು ಬದಲಾಗುವ ದಿನಾಂಕ ರೇಖೆಯ ಆ ಕಡೆಗೆ ಹೋಗಬೇಕಿತ್ತು ಅಂತ ಇಡೀ ಶುಕ್ರವಾರವನ್ನೇ ಬಿಟ್ಟುಕೊಟ್ಟರು. ಅವರು ಅರ್ಜಿ ಹಾಕಿದರಾ? 1582ರಲ್ಲಿ ಕ್ಯಾಲೆಂಡರ್ ತಿದ್ದಿದಾಗ ರೋಮಿನವರಿಗೆ ಅಕ್ಟೋಬರ್ 4ರ ಮಾರನೇ ದಿನವೇ ಅಕ್ಟೋಬರ್ 15. ಹತ್ತು ದಿನ ಹೋಯಿತು. ಯಾರಾದರೂ ಕೌಂಟರಿಗೆ ಬಂದರಾ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಅರ್ಜಿಯನ್ನು ಮುಂದೆ ಚಾಚಿದೆ. ಅವರು ಅದನ್ನು ಮೇಜಿನ ಮೇಲಿಟ್ಟು, ಗೋಡೆಯ ಕಡೆ ಕೈ ಚಾಚಿ ಒಂದು ಕೆಂಪು ಗುಂಡಿ ಒತ್ತಿದರು.

ಅದೇ ಇಲಾಖೆಯ ಹೆಮ್ಮೆಯ ಯಂತ್ರ, 'ಕಾಲತಡೆ'. ನೋಡಲು ಗೋಡೆ ಗಡಿಯಾರದ ಹಾಗೇ ಇದೆ. ಗುಂಡಿ ಒತ್ತಿದರೆ ಫೈಲಿನ ಸುತ್ತ ಒಂದು ಮೊಳ ದೂರದವರೆಗೆ ಕಾಲ ನಿಲ್ಲುತ್ತದೆ. ಫೈಲಿಗೆ ವಯಸ್ಸಾಗುವುದಿಲ್ಲ, ಗಡುವು ಮೀರುವುದಿಲ್ಲ. ಧೂಳು ಮಾತ್ರ ಬೀಳುತ್ತಲೇ ಇರುತ್ತದೆ. ಧೂಳು ಬೇರೆ ಇಲಾಖೆಗೆ ಸೇರಿದ್ದಂತೆ.

ಗುಂಡಿ ಒತ್ತಲು ಕಾರಣ ಬೇಕು. ಅದಕ್ಕೂ ವ್ಯವಸ್ಥೆ ಇದೆ. ಯಂತ್ರವೇ ಒಂದು ಷರಾ ಬರೆದು ಚೀಟಿ ಉಗುಳುತ್ತದೆ. 'ಅರ್ಜಿದಾರರಿಂದ ಮಾಹಿತಿ ಬಾಕಿ.' ಯಾವ ಮಾಹಿತಿ ಅಂತ ಕೇಳಿದರೆ ಇನ್ನೊಂದು ಚೀಟಿ ಬರುತ್ತದೆ: 'ಯಾವ ಮಾಹಿತಿ ಎಂಬ ಮಾಹಿತಿ ಬಾಕಿ.' ನನ್ನ ಹತ್ತಿರ ಇಂಥ ಚೀಟಿಗಳು ಒಂದು ಚೀಲ ಇವೆ.

ಈ ಐಡಿಯಾ ಎಲ್ಲಿಂದ ಬಂತು ಅಂತ ಕೇಳಿದ್ದೆ. ಇಲಾಖೆಯವರು ಓದಿಕೊಂಡವರು, ತಕ್ಷಣ ಹೇಳಿದರು. ಯುರೋಪಿನ 6 ದೇಶಗಳ ಮಂತ್ರಿಗಳು ಕೃಷಿ ನೀತಿಯನ್ನು 1961ರ ಡಿಸೆಂಬರ್ 31ರೊಳಗೆ ಮುಗಿಸಬೇಕಿತ್ತು. ಮುಗಿಯಲಿಲ್ಲ. ಮಧ್ಯರಾತ್ರಿಗೆ ಗಡಿಯಾರ ನಿಲ್ಲಿಸಿಬಿಟ್ಟರು. ಒಪ್ಪಂದ ಆಗುವ ಹೊತ್ತಿಗೆ ಹೊರಗಡೆ 1962ರ ಜನವರಿ 14. "ದೊಡ್ಡವರೇ ಎರಡು ವಾರ ನಿಲ್ಲಿಸಿದ್ದಾರೆ" ಅಂದರು, "ನಾವು ಅದನ್ನೇ ಜನಸಾಮಾನ್ಯರಿಗೂ ತಲುಪಿಸಿದ್ದೇವೆ."

ಇಷ್ಟಕ್ಕೂ ಭೂಮಿಯೇ ತಡ ಮಾಡುತ್ತದೆ ಅನ್ನುವುದು ಅವರ ವಾದ. ಅದರ ತಿರುಗಾಟಕ್ಕೆ ಹೊಂದಿಸಲು 1972ರಿಂದ ಗಡಿಯಾರಗಳಿಗೆ 27 ಸೆಕೆಂಡು ಸೇರಿಸಿದ್ದಾರಂತೆ. ಭೂಮಿಗೆ ಮೆಮೋ ಕೊಟ್ಟವರಿಲ್ಲ, ಗುಮಾಸ್ತರಿಗೆ ಮಾತ್ರ ಯಾಕೆ?

ಒಪ್ಪಿಕೊಳ್ಳೋಣ. ಆದರೆ ಕಾಲತಡೆ ಕೌಂಟರಿನ ಆ ಕಡೆಗೆ ಮಾತ್ರ ಕೆಲಸ ಮಾಡುತ್ತದೆ. ಈ ಕಡೆ ಮುಳ್ಳು ಓಡುತ್ತಲೇ ಇರುತ್ತದೆ, ನನಗೇನೋ ಸ್ವಲ್ಪ ಜೋರಾಗಿಯೇ ಓಡುತ್ತದೆ ಅನ್ನಿಸುತ್ತದೆ. ಒಮ್ಮೆ ನೋಟಿಸ್ ಬಂತು: ಶುಲ್ಕ ಕಟ್ಟಲು ನಿನ್ನೆಯೇ ಕೊನೆಯ ದಿನ. ಓಡಿಹೋದೆ. "ನಿನ್ನೆಗೆ ಹೋಗಿ ಕಟ್ಟಿ" ಅಂದರು. ನಿನ್ನೆಗೆ ಹೋಗಲು ಪರವಾನಗಿ ಬೇಕು. ಅದು 7 ದಿನದಲ್ಲಿ ಸಿಗುತ್ತದೆ.

ಸಂಬಳದ ತಾರೀಕಿಗೆ ಮತ್ತು ಬಡ್ತಿಗೆ ಕಾಲತಡೆ ಅನ್ವಯಿಸುವುದಿಲ್ಲ. ಸುತ್ತೋಲೆ ಇದೆ. ಆ ಸುತ್ತೋಲೆ ಮಾತ್ರ ಅದೇ ದಿನ ವಿಲೇವಾರಿ ಆಗಿತ್ತು.

ಇಲಾಖೆಯ ಮುಂದಾಲೋಚನೆಯನ್ನೂ ಹೊಗಳಬೇಕು. ಸರಿಪಡಿಸದ ಕೆಲವು ಹಳೇ ಕಂಪ್ಯೂಟರುಗಳಲ್ಲಿ 2038ರ ಜನವರಿ 19ರಂದು ಸೆಕೆಂಡುಗಳ ಲೆಕ್ಕ ತುಂಬಿ, ತಾರೀಕು 1901ಕ್ಕೆ ಜಾರುತ್ತದೆ. ಲೋಕದವರೆಲ್ಲ ಅದನ್ನು ಸರಿಪಡಿಸಲು ಒದ್ದಾಡುತ್ತಿದ್ದಾರೆ. ಇಲಾಖೆ ಅದಕ್ಕಾಗಿಯೇ ಕಾಯುತ್ತಿದೆ. ಅವತ್ತು ಒಂದು ಅರ್ಜಿಯೂ ಬಾಕಿ ಇರುವುದಿಲ್ಲ. ಯಾರೂ ಇನ್ನೂ ಅರ್ಜಿಯನ್ನೇ ಕೊಟ್ಟಿರುವುದಿಲ್ಲ.

ಮೊನ್ನೆ ಕರೆಂಟು ಹೋಯಿತು. ತಡೆದಿಟ್ಟ ಕಾಲವೆಲ್ಲ ಒಂದೇ ಸಲ ನುಗ್ಗಿತು. ಕಪಾಟಿನಲ್ಲಿದ್ದ ಫೈಲುಗಳು ಕಣ್ಣೆದುರೇ ಹಳದಿಯಾದವು, ಅಂಚು ಉದುರಿತು. ಪುಸ್ತಕದಲ್ಲಿ ನಾಲ್ಕನೇ ದಿನ, ಐದು, ಆರು ಅಂತ ತಾರೀಕು ದಬದಬನೆ ಹಾರಿತು. ಏಳನೇ ದಿನ ಸಂಜೆ ಐದಾಗಲು ಹತ್ತು ನಿಮಿಷ ಇದೆ ಅನ್ನುವಾಗ ಜನರೇಟರ್ ಸದ್ದು ಕೇಳಿಸಿತು. ಆ ಹತ್ತು ನಿಮಿಷದಲ್ಲಿ ಆದ ಕೆಲಸ ನೋಡಬೇಕಿತ್ತು! ಸೀಲು ಬೀಳುವ ಶಬ್ದ ಮಳೆ ಬಿದ್ದ ಹಾಗಿತ್ತು. ಸಾಹೇಬರು ಎರಡೂ ಕೈಯಲ್ಲಿ ಸಹಿ ಮಾಡಿದರು. ಹಾಗಾದರೆ ಇಷ್ಟೂ ವರ್ಷ ಬೇಕಾಗಿದ್ದದ್ದು ಹತ್ತು ನಿಮಿಷವಾ ಅಂತ ಕೇಳಲು ಬಾಯಿ ತೆರೆದೆ. ಅಷ್ಟರಲ್ಲಿ ನನ್ನ ಕಾಗದವೂ ಕೈಗೆ ಬಂತು.

ಮಂಗಳವಾರ ಮಂಜೂರಾಗಿದೆ. ಪರಿಶೀಲನಾ ವೆಚ್ಚದ ಬಾಬ್ತು ಬೆಳಗ್ಗೆ 10ರಿಂದ ಸಂಜೆ 5ರವರೆಗಿನ ಭಾಗವನ್ನು ಕಡಿತ ಮಾಡಿಕೊಂಡಿದ್ದಾರೆ. ಉಳಿದದ್ದರಲ್ಲಿ ರಾತ್ರಿಯೇ ಜಾಸ್ತಿ. ಅದನ್ನು ಪಡೆಯಲು ಖುದ್ದಾಗಿ ಬರಬೇಕು. "ಬುಧವಾರ ಬನ್ನಿ" ಅಂದರು ಗುಮಾಸ್ತರು, "ಬೇರೆ ಏನೂ ಕೆಲಸ ಇಟ್ಟುಕೊಳ್ಳಬೇಡಿ."