ಬಿಲ್ಲಿನಲ್ಲಿ ಬರೀ 'ಗೇರ್ ಆಯಿಲ್' ಎಂದು ಬರೆದರೆ ಮುಗಿಯಿತೇ?

ಗೇರ್ ಬಾಕ್ಸಿಗೆ ಇಂಥದ್ದೇ ಆಯಿಲ್ ಹಾಕಬೇಕೆಂದು ಕಾರಿನ ಕಂಪನಿಯೇ ಕೈಪಿಡಿಯಲ್ಲಿ ಅಚ್ಚು ಹಾಕಿಸಿ ಕೊಟ್ಟಿರುವಾಗ, ಆ ಪುಟಕ್ಕೆ ಬೆಲೆ ಕೊಡುವಷ್ಟು ವ್ಯವಧಾನವೂ ನಮ್ಮ ಹುಬ್ಬಳ್ಳಿಯ ಕೆಲವು ಗ್ಯಾರೇಜಿನವರಿಗೆ ಏಕಿಲ್ಲ? ನನ್ನ ಕಾರಿನ ಕೈಪಿಡಿ ಕೇಳುವುದು 75ಡಬ್ಲ್ಯೂ-80, ಜಿಎಲ್-4. ಮೊದಲಿನದು ಎಣ್ಣೆ ಎಷ್ಟು ದಪ್ಪ ಎಂಬ ಗ್ರೇಡ್, ಎರಡನೆಯದು ಒತ್ತಡದಲ್ಲಿ ಗೇರಿನ ಹಲ್ಲುಗಳನ್ನು ಅದು ಎಷ್ಟು ಕಾಯುತ್ತದೆ ಎಂಬ ದರ್ಜೆ. ಕಳೆದ ವಾರ ಗೋಕುಲ ರಸ್ತೆಯ ಗ್ಯಾರೇಜೊಂದರಲ್ಲಿ ಆ ಪುಟವನ್ನೇ ತೆರೆದು ತೋರಿಸಿದೆ. "ಅದು ಭಾಳ ತೆಳು ಆಗ್ತದ್ರಿ ಸರ, ನಾವು ಎಲ್ಲಾ ಗಾಡಿಗೂ ತೊಂಬತ್ತು ನಂಬರ್ ಹಾಕ್ತೇವ್ರಿ, ಏನೂ ಆಗಂಗಿಲ್ಲ" ಎಂದರು. ಬೇಡ, ಪುಸ್ತಕದಲ್ಲಿ ಇರುವುದನ್ನೇ ಹಾಕಿ ಎಂದು ಹೇಳಿ ಬಂದೆ. ಸಂಜೆ ಗಾಡಿ ತರಲು ಹೋದಾಗ ರ‍್ಯಾಂಪಿನ ಪಕ್ಕ ಬಿದ್ದಿದ್ದ ಖಾಲಿ ಡಬ್ಬಿಯ ಮೇಲೆ ಇದ್ದದ್ದು 80ಡಬ್ಲ್ಯೂ-90, ಜಿಎಲ್-5!

ಎಣ್ಣೆ ದಪ್ಪ ಇದ್ದಷ್ಟೂ ಗೇರಿಗೆ ಒಳ್ಳೆಯದೆಂಬ ನಂಬಿಕೆಯೇ ತಪ್ಪು. ಗೇರ್ ಬದಲಿಸುವಾಗ ಬೇರೆ ಬೇರೆ ವೇಗದಲ್ಲಿ ತಿರುಗುತ್ತಿರುವ ಶಾಫ್ಟನ್ನೂ ಗೇರನ್ನೂ ಒಂದೇ ವೇಗಕ್ಕೆ ತರುವುದು ಸಿಂಕ್ರೊನೈಸರ್ ರಿಂಗು. ಅದು ಗೇರಿನ ಕೋನ್ ಮೇಲೆ ಉಜ್ಜಿಯೇ ಆ ಕೆಲಸ ಮಾಡಬೇಕಾದ್ದರಿಂದ, ಎಣ್ಣೆ ಅಗತ್ಯಕ್ಕಿಂತ ದಪ್ಪವಾಗಿದ್ದರೂ ಜಾರಾಗಿದ್ದರೂ ರಿಂಗಿಗೆ ಸರಿಯಾದ ಹಿಡಿತ ಸಿಗುವುದಿಲ್ಲ. ಜಿಎಲ್-5 ಮುಖ್ಯವಾಗಿ ಹಿಂದಿನ ಚಕ್ರಗಳ ನಡುವಿನ ಹೌಸಿಂಗಿನಲ್ಲಿ ಚಕ್ರಗಳನ್ನು ತಿರುಗಿಸುವ ಗೇರ್ ಜೋಡಿಯಾದ ಕ್ರೌನ್-ಪಿನಿಯನ್‌ಗೆಂದು ಮಾಡಿದ ಎಣ್ಣೆ. ಅಲ್ಲಿ ಹಲ್ಲುಗಳು ಭಾರೀ ಒತ್ತಡದಲ್ಲಿ ಒಂದರ ಮೇಲೊಂದು ಜಾರುವುದರಿಂದ, ಜಿಎಲ್-4ಕ್ಕೆ ಹೋಲಿಸಿದರೆ ಹೆಚ್ಚುಕಡಿಮೆ ಇಮ್ಮಡಿ ಗಂಧಕ-ರಂಜಕದ ಸಂಯೋಜಕಗಳನ್ನು ಸೇರಿಸಿರುತ್ತಾರೆ. ಅವುಗಳಲ್ಲಿ ಕೆಲವು, ಗೇರ್ ಬಾಕ್ಸ್ ಕಾದಾಗ ಹಿತ್ತಾಳೆಯ ರಿಂಗುಗಳನ್ನು ನಿಧಾನವಾಗಿ ಸವೆಸುತ್ತವೆ. ಲಾರಿಯ ಹೌಸಿಂಗಿಗೆ ಸರಿಹೋಗುವ ಎಣ್ಣೆ ನನ್ನ ಕಾರಿನ ಗೇರ್ ಬಾಕ್ಸಿಗೂ ಸರಿ ಎಂದು ತೀರ್ಮಾನಿಸಲು ಇವರು ಯಾರು? ಕೆಲವು ಕಾರುಗಳು ಜಿಎಲ್-5 ಅನ್ನೇ ಕೇಳುತ್ತವೆ, ಇನ್ನು ಕೆಲವು ಮ್ಯಾನ್ಯುಯಲ್ ಗೇರ್ ಬಾಕ್ಸುಗಳಿಗೆ ಆಟೊಮ್ಯಾಟಿಕ್ ಗಾಡಿಯ ಗೇರ್ ಬಾಕ್ಸಿಗೆ ಹಾಕುವ ತೆಳು ಎಣ್ಣೆ ಎಟಿಎಫ್ ಬೇಕು. ಹಾಗಾಗಿಯೇ ಕೈಪಿಡಿ ಇರುವುದು.

ಮರುದಿನ ಬೆಳಿಗ್ಗೆ ಧಾರವಾಡಕ್ಕೆ ಹೊರಟರೆ, ಉಣಕಲ್ ದಾಟುವವರೆಗೂ ಲಿವರ್ ಒಂದರಿಂದ ಎರಡನೇ ಗೇರಿಗೆ ಇಳಿಯಲೊಲ್ಲದು. ಒತ್ತಿ ಹಾಕಿದರೆ ಕರ್ರೆಂಬ ಸದ್ದು, ಅಂಗೈಗೆ ನಡುಕ. ಹಳೆಯ ಆಯಿಲ್ ಇದ್ದಾಗ ಇದ್ಯಾವುದೂ ಇರಲಿಲ್ಲ. ಯಾರದೋ ದುಡ್ಡು ಯಲ್ಲಮ್ಮನ ಜಾತ್ರೆ ಎಂಬಂತೆ ಗಿರಾಕಿಯ ಗಾಡಿಯಲ್ಲಿ ಆಟವಾಡುವವರಿಗೆ, ಆ ರಿಂಗುಗಳನ್ನು ಬದಲಿಸಲು ಇಡೀ ಗೇರ್ ಬಾಕ್ಸನ್ನು ಇಳಿಸಿ ಬಿಚ್ಚಬೇಕಾಗುತ್ತದೆ ಎಂಬುದು ಗೊತ್ತಿಲ್ಲದೆ ಇರುತ್ತದೆಯೇ?

ತಿರುಗಿ ಹೋಗಿ ಕೇಳಿದರೆ ಬಿಲ್ ತೋರಿಸಿ ಎಂದರು. ಬಿಲ್ಲಿನಲ್ಲಿ ಇರುವುದು 'ಗೇರ್ ಆಯಿಲ್ 2 ಲೀ.' ಎಂದಷ್ಟೇ, ಗ್ರೇಡ್ ಇಲ್ಲ, ಜಿಎಲ್ ನಂಬರ್ ಇಲ್ಲ, ಕಂಪನಿಯ ಹೆಸರೂ ಇಲ್ಲ. ಏನು ಹಾಕಿದ್ದಾರೆಂಬ ದಾಖಲೆಯನ್ನೇ ಕೊಡದವರು ದಾಖಲೆ ಕೇಳುತ್ತಾರೆ! ಎಣ್ಣೆಯ ಗ್ರೇಡನ್ನು ಬಿಲ್ಲಿನಲ್ಲಿ ಬರೆಯಲಿ, ಸೀಲ್ ಇರುವ ಡಬ್ಬಿಯನ್ನು ಗಿರಾಕಿಯ ಎದುರೇ ಒಡೆಯಲಿ. ನನ್ನ ಗಾಡಿಗೆ ಹಾಕಿದ ತಪ್ಪು ಎಣ್ಣೆಯನ್ನು ಇಳಿಸಿ, ಕೈಪಿಡಿ ಹೇಳಿದ್ದನ್ನು ತುಂಬಿಸುವ ಖರ್ಚನ್ನು ಅವರೇ ಭರಿಸಬೇಕು. ನಾನು ಒಂದು ರೂಪಾಯಿಯನ್ನೂ ಕೊಡುವವನಲ್ಲ.