ಆ ಮಗುವಿನ ಮಾತು ಕಾಗದದಲ್ಲಿ ಇರಲಿಲ್ಲ

ಕೆಲವು ವರ್ಷದ ಹಿಂದೆ, ನಮ್ಮ ಕಾಸರಗೋಡಿನಲ್ಲೇ, ಲೈಂಗಿಕ ದೌರ್ಜನ್ಯದ ಕೇಸಿನಲ್ಲಿ ಪೊಲೀಸರು ಒಂದು ಮಗುವಿನ ಹೇಳಿಕೆ ಬರೆದುಕೊಳ್ಳುವಾಗ ಅದರ ಅಮ್ಮ ನನ್ನನ್ನೂ ಕರೆದಿದ್ದರು. ಯಾರ ಮಗು, ಯಾವ ಊರು ಅಂತ ದಯವಿಟ್ಟು ಕೇಳಬೇಡಿ. ಬಂದಿದ್ದ ಪೊಲೀಸ್ ಮೇಡಂ ಒಳ್ಳೆಯವರು. ಯೂನಿಫಾರ್ಮ್ ಇರಲಿಲ್ಲ, ಜಗಲಿಯಲ್ಲಿ ಕೂತು ಮೆಲ್ಲ ಮಾತಾಡಿಸಿದರು. ಆದರೆ ಅವರಿಗೆ ಬರುತ್ತಿದ್ದದ್ದು ಮಲಯಾಳ. ಮಗುವಿಗೆ ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ.

ಚಾಪೆಯ ಅಂಚಿನ ಎಳೆ ಕೀಳುತ್ತಾ ಮಗು ಎರಡು ಸಲ "ಬೊಡ್ಚಿ ಪಂಡೆ" ಅಂದಿತು. ತುಳುವಿನಲ್ಲಿ, ನಾನು ಬೇಡ ಅಂತ ಹೇಳಿದೆ, ಅಂತ. ಪಕ್ಕದ ಮನೆಯವರೊಬ್ಬರು ತಮಗೆ ತಿಳಿದ ಹಾಗೆ ಮಲಯಾಳದಲ್ಲಿ ಹೇಳಿದರು (ಅವರು ಅಲ್ಲಿ ಇರಲೇಬಾರದಿತ್ತು). ಕೊನೆಗೆ ಓದಿ ಹೇಳಿದಾಗ ಆ ಮಾತೇ ಇಲ್ಲ, ಮಗು ಸುಮ್ಮನಿತ್ತು ಅಂತ ಬರೆದಿತ್ತು! ಅಲ್ಲಿವರೆಗೆ ಬಾಯಿ ಬಿಡದಿದ್ದ ನಾನು ಆಗ ತಡೆದು ಸೇರಿಸಲು ಹೇಳಿದೆ. ಸೇರಿಸಿದರು. ಹದಿನೆಂಟು ತುಂಬದ ಮಗು ಬೇಡ ಅಂದಿತೋ ಇಲ್ಲವೋ ಅಂತ ಕಾನೂನು ಕೇಳುವುದಿಲ್ಲ, ನನಗೂ ಗೊತ್ತು. ಆದರೆ ಆ ಮಗು ಎರಡೆರಡು ಸಲ ಹೇಳಿತ್ತಲ್ವಾ?

ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ಕಾಪಾಡುವ 2012ರ ಪೋಕ್ಸೋ ಕಾಯ್ದೆಯ 19ನೇ ಸೆಕ್ಷನ್ನಿನಲ್ಲೇ ಇದೆ, ಮಗುವಿಗೆ ಅರ್ಥವಾಗದ ಭಾಷೆಯಲ್ಲಿ ಬರೆಯುವುದಾದರೆ ದುಭಾಷಿಯನ್ನು ಕೊಡಬೇಕು. ಅದೇ ಕಾಯ್ದೆಯ 2020ರ ನಿಯಮದಂತೆ ಪ್ರತಿ ಜಿಲ್ಲೆಯ ಮಕ್ಕಳ ರಕ್ಷಣಾ ಘಟಕ ಅಂಥವರ ಹೆಸರಿನ ಒಂದು ರಿಜಿಸ್ಟರ್ ಇಡಬೇಕು, ಪೊಲೀಸರಿಗೂ ಕೋರ್ಟಿಗೂ ಬೇಕಾದಾಗ ಸಿಗಬೇಕು. ದೊಡ್ಡ ಡಿಗ್ರಿ ಏನೂ ಬೇಡ. ಮಗುವಿನ ಭಾಷೆಯೂ ರಾಜ್ಯದ ಭಾಷೆಯೂ ಚೆನ್ನಾಗಿ ಬರಬೇಕು, ಅದು ಮನೆಮಾತಾಗಿಯೋ, ಪ್ರೈಮರಿಯಲ್ಲಿ ಕಲಿತೋ, ಆ ಊರಲ್ಲೇ ಇದ್ದು ರೂಢಿಯಾಗಿಯೋ ಬಂದಿದ್ದರೆ ಸಾಕು. ಕೇಳಿದ್ದನ್ನು ಹೊರಗೆ ಬಾಯಿ ಬಿಡಬಾರದು.

ಮಂಜೇಶ್ವರ, ಕುಂಬಳೆ, ಬದಿಯಡ್ಕ, ಮುಳ್ಳೇರಿಯಾ ಕಡೆ ಅಂಥವರು ಎಷ್ಟು ಜನ ಇಲ್ಲ! ಕನ್ನಡ ಶಾಲೆಯಲ್ಲಿ ಕಲಿತು, ಅಂಗಡಿ ಆಫೀಸಿನಲ್ಲಿ ದಿನವಿಡೀ ಮಲಯಾಳ ಮಾತಾಡಿ, ಮನೆಗೆ ಬಂದು ತುಳುವೋ ಹವ್ಯಕವೋ ಆಡುವವರು. ನಿವೃತ್ತ ಟೀಚರುಗಳು, ಅಂಗನವಾಡಿಯ ಅಕ್ಕಂದಿರು. ಕನ್ನಡದ ಬೋರ್ಡ್ ಬೇಕು ಅಂತ, ಕನ್ನಡ ಶಾಲೆಗೆ ಕನ್ನಡ ಬಾರದ ಟೀಚರ್ ಬಂದರೆ ನಾವು ಬೀದಿಗಿಳಿಯುತ್ತೇವೆ, ಇಳಿಯಲೇಬೇಕು. ಈ ರಿಜಿಸ್ಟರಿನಲ್ಲಿ ನಮ್ಮ ಭಾಷೆಯವರು ಎಷ್ಟಿದ್ದಾರೆ ಅಂತ ಮಾತ್ರ ಯಾರೂ ಕೇಳಿದ್ದು ನಾನು ಕಂಡಿಲ್ಲ.

ಯಾವುದಾದರೂ ಮಗುವಿಗೆ ಹೀಗಾಗಿದೆ ಅಂತ ಗೊತ್ತಾದರೆ ಮೊದಲು ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡಿ. ಮಗುವಿನ ಭಾಷೆ ಯಾವುದು ಅಂತ ಆಗಲೇ ಹೇಳಿ.

ಸೋಮವಾರ ನಾನು ಆ ರಿಜಿಸ್ಟರಿಗೆ ಹೆಸರು ಕೊಡಲು ಜಿಲ್ಲಾ ಘಟಕದ ಆಫೀಸಿಗೆ ಹೋಗುತ್ತೇನೆ. ಬರುವವರು ಇನ್‌ಬಾಕ್ಸಿನಲ್ಲಿ ತಿಳಿಸಿ, ಒಟ್ಟಿಗೆ ಹೋಗುವ.